ಪಂಚೆಯ ನೆರಿಗೆ ಕಲಿತ ಜಪಾನಿ ಕುಂಚಗಳು

1983ರಲ್ಲಿ ಜಪಾನಿನ ಚಿತ್ರ ನಿರ್ಮಾಪಕ ಯುಗೋ ಸಾಕೊ ಭಾರತಕ್ಕೆ ಬಂದದ್ದು ಒಂದು ಸಾಕ್ಷ್ಯಚಿತ್ರಕ್ಕಾಗಿ. ಅಲಹಾಬಾದಿನ ಬಳಿ ಪುರಾತತ್ತ್ವಜ್ಞ ಬಿ.ಬಿ. ಲಾಲ್ ಅವರು ನಡೆಸಿದ ಉತ್ಖನನ ಅದರ ವಸ್ತು. ಆ ಕೆಲಸದ ನಡುವೆ ರಾಮನ ಕಥೆ ಅವರನ್ನು ಹಿಡಿದುಕೊಂಡಿತು. ಜಪಾನಿ ಭಾಷೆಯಲ್ಲಿ ಸಿಕ್ಕ ಹತ್ತು ರಾಮಾಯಣಗಳನ್ನು ಓದಿದರು. ರಾಮ ದೇವರು, ಅವನನ್ನು ನಟನೊಬ್ಬನ ಮುಖದಲ್ಲಿ ತೋರಿಸುವುದಕ್ಕಿಂತ ಚಿತ್ರದಲ್ಲಿ ಬಿಡಿಸುವುದೇ ಸರಿ ಎಂದು ಅವರಿಗೆ ಅನಿಸಿತು.

ದಾರಿ ಸಲೀಸಾಗಿರಲಿಲ್ಲ. ಪರದೇಶದವರು ರಾಮಾಯಣವನ್ನು ಕಾರ್ಟೂನು ಮಾಡುತ್ತಾರೆಂಬ ಸುದ್ದಿಗೆ ವಿಶ್ವ ಹಿಂದೂ ಪರಿಷತ್ತಿನಿಂದ ಆಕ್ಷೇಪಣೆಯ ಪತ್ರ ಬಂತು. ಎರಡೂ ದೇಶ ಕೂಡಿ ನಿರ್ಮಿಸುವ ಯೋಚನೆಯೂ ಕೈಗೂಡಲಿಲ್ಲ. ಸಾಕೊ ಆಕ್ಷೇಪಿಸಿದವರಿಗೆ ತಾಳ್ಮೆಯಿಂದ ವಿವರಿಸಿ ಕೆಲಸ ಮುಂದುವರಿಸಿದರು. ಜಪಾನಿನ ಕೊಯಿಚಿ ಸಾಸಾಕಿ ಮತ್ತು ನಮ್ಮ ದೇಶದ ಆನಿಮೇಷನ್ ಕಲಾವಿದ ರಾಮ್ ಮೋಹನ್ ಅವರ ಜೊತೆ ತಾವೂ ನಿರ್ದೇಶನದಲ್ಲಿ ಕೈಜೋಡಿಸಿದರು.

ಹಾಗೆ ರೂಪುಗೊಂಡ ಈ ರಾಮಾಯಣ ಪೂರ್ತಿ ಕೈಯಿಂದ ಬಿಡಿಸಿದ ಆನಿಮೇಷನ್ ಸಿನಿಮಾ. ಕಾಗದದ ಗೆರೆಯನ್ನು ಸೆಲ್ ಎಂಬ ಪಾರದರ್ಶಕ ಹಾಳೆಗೆ ಇಳಿಸಿ, ಹಿಂಬದಿಯಿಂದ ಬಣ್ಣ ತುಂಬಿ, ಹಿನ್ನೆಲೆಯ ಚಿತ್ರದ ಮೇಲಿಟ್ಟು, ಒಂದೊಂದಾಗಿ ಕ್ಯಾಮೆರಾದಲ್ಲಿ ಹಿಡಿಯಬೇಕು. 135 ನಿಮಿಷದ ಈ ಚಿತ್ರಕ್ಕೆ ಸುಮಾರು 450 ಕಲಾವಿದರು ದುಡಿದರು. ಸುಮಾರು 1 ಲಕ್ಷ ಸೆಲ್‌ಗಳು ಬೇಕಾದವು.

ಆದರೆ ನನ್ನನ್ನು ಬೆರಗಾಗಿಸುವುದು ಲಕ್ಷದ ಲೆಕ್ಕಕ್ಕಿಂತ ಆ ಕೈಗಳು ಹೊಸದಾಗಿ ಕಲಿತ ಪಾಠ. ಕಿಮೋನೊ ಬಿಡಿಸಿ ಪಳಗಿದವರಿಗೆ ಪಂಚೆ ಬೇರೆಯೇ ಲೋಕ. ಹೊಲಿಗೆಯಿಲ್ಲದ ಒಂದೇ ಬಟ್ಟೆ ಸೊಂಟದಲ್ಲಿ ನಿಂತು, ಹೆಜ್ಜೆ ಹೆಜ್ಜೆಗೂ ಕಾಲಿನ ಜೊತೆ ತೂಗಬೇಕು. ನೆರಿಗೆ ತಪ್ಪಿದರೆ ರಾಜಕುಮಾರ ವೇಷ ಹಾಕಿದವನಂತೆ ಕಾಣುತ್ತಾನೆ. ಹಿರಿಯರಿಗೆ ನಮಸ್ಕರಿಸುವುದೂ ಹಾಗೆಯೇ. ಜಪಾನಿನಲ್ಲಿ ದೂರ ನಿಂತು ಸೊಂಟ ಬಾಗಿಸಿದರೆ ಗೌರವ ಸಂದಿತು. ಇಲ್ಲಿ ಕೈ ಪಾದ ಮುಟ್ಟಬೇಕು, ಅದೇ ಹೊತ್ತಿಗೆ ಹಿರಿಯರ ಕೈ ತಲೆಯ ಮೇಲೆ ಬರಬೇಕು. ಎರಡು ದೇಹಗಳ ಲಯ ಗೆರೆಯಲ್ಲಿ ಕೂಡಿಬರುವುದು ಸುಲಭದ ಮಾತಲ್ಲ. ನಡಿಗೆ, ಉಡುಗೆ, ಆಶೀರ್ವಾದ ಬೇಡುವ ರೀತಿ ಎಲ್ಲವನ್ನೂ ಭಾರತೀಯ ಕಲಾವಿದರು ಜಪಾನಿನವರಿಗೆ ಹತ್ತಿರ ನಿಂತು ಹೇಳಿಕೊಟ್ಟರು. ಗೊತ್ತಿಲ್ಲದ್ದನ್ನು ಗೊತ್ತಿದ್ದವರಿಂದ ಕಲಿಯಲು ಜಾಗ ಮಾಡಿಕೊಟ್ಟದ್ದೇ ಸಾಕೊ ಅವರ ನಿರ್ಮಾಪಕತನ. ಸಂಗೀತವನ್ನು ವನರಾಜ್ ಭಾಟಿಯಾ ಅವರಿಗೂ ಸಂಸ್ಕೃತ ಹಾಡುಗಳನ್ನು ವಸಂತ್ ದೇವ್ ಅವರಿಗೂ ಒಪ್ಪಿಸಿದ್ದರಲ್ಲೂ ಇದೇ ವಿವೇಕವಿದೆ.

ಚಿತ್ರ 1993ರ ಜನವರಿಯಲ್ಲಿ ಭಾರತದ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ತೆರೆಕಂಡಿತು. ಅಯೋಧ್ಯೆಯ ಘಟನೆಗಳಿಂದ ದೇಶ ಕುದಿಯುತ್ತಿದ್ದ ಕಾಲವದು. ಮುಂದೆ ಅರುಣ್ ಗೋವಿಲ್ ರಾಮನಿಗೆ, ಅಮರೀಶ್ ಪುರಿ ರಾವಣನಿಗೆ ದನಿ ಕೊಟ್ಟ ಹಿಂದಿ ಆವೃತ್ತಿ ಟಿ.ವಿ.ಯ ಮೂಲಕ ಮಕ್ಕಳ ಮನೆಮಾತಾಯಿತು. ಸಾಕೊ 2012ರಲ್ಲಿ ತೀರಿಕೊಂಡರು.

2025ರ ಜನವರಿ 24ರಂದು ಚಿತ್ರ ಹೊಸ 4ಕೆ ರೂಪದಲ್ಲಿ ಇಂಗ್ಲಿಷ್, ಹಿಂದಿ, ತಮಿಳು, ತೆಲುಗಿನಲ್ಲಿ ನಮ್ಮ ಚಿತ್ರಮಂದಿರಗಳಿಗೆ ಬಂತು. ಆನೆಗೊಂದಿಯನ್ನು ಕಿಷ್ಕಿಂಧೆಯೆಂದು ತೋರಿಸುವ ನಾಡು ನಮ್ಮದು. ಈ ಚಿತ್ರದ ಹನುಮಂತ ಕನ್ನಡದಲ್ಲೂ ಮಾತಾಡುವಂತೆ ಯಾರಾದರೂ ಮುಂದೆ ಬಂದು ಡಬ್ಬಿಂಗ್ ಮಾಡಿಸಬೇಕು.