ಗಡಿಯಾಚೆಯ ದೇವತೆ: ಇಫಿಜೀನಿಯಾ ಐತಿಹ್ಯದ ಸಂಚಾರ

ಗ್ರೀಕ್ ಪುರಾಣವೆಂದೊಡನೆ ಒಲಿಂಪಸ್ ಪರ್ವತದ ದೇವತೆಗಳ ವಂಶಾವಳಿ ನೆನಪಿಗೆ ಬರುತ್ತದೆ. ಆದರೆ ಆ ಪುರಾಣಕ್ಕೆ ಎಲ್ಲರೂ ಪ್ರಮಾಣವೆಂದು ಒಪ್ಪಿದ ಒಂದು ಮೂಲಗ್ರಂಥವಿರಲಿಲ್ಲ. ಒಂದೊಂದು ಊರಿನ ಗುಡಿಗೂ ತನ್ನದೇ ಆಚರಣೆ, ಆ ಆಚರಣೆಗೆ ತನ್ನದೇ ಕಾರಣಕಥೆ. ಕವಿಗಳು ಅವನ್ನು ಎತ್ತಿಕೊಂಡು ಮತ್ತೆ ಮತ್ತೆ ಹೊಸದಾಗಿ ಹೆಣೆದರು. ಅಗಮೆಮ್ನಾನನ ಮಗಳು ಇಫಿಜೀನಿಯಾಳ ಐತಿಹ್ಯ ಇದಕ್ಕೆ ಉತ್ತಮ ನಿದರ್ಶನ. ಗ್ರೀಕ್ ನಾಡಿನ ಎಲ್ಲೆ ದಾಟಿ ಪರಜನರ ನಡುವೆ ಸಾಗುವ ಈ ಕಥೆ, ಕನ್ನಡ ಸಂಶೋಧಕರು ಬಹುಕಾಲ ಚರ್ಚಿಸಿದ ಒಂದು ಪ್ರಹಸನದ ಹಿನ್ನೆಲೆಯಲ್ಲೂ ಇದೆ. ಆ ಪ್ರಹಸನದ ಪದಗಳನ್ನು ಓದುವ ಮುನ್ನ ಅದರ ಬೆನ್ನಿಗಿರುವ ಕಥೆಯನ್ನು ಓದಬೇಕೆಂಬುದು ಈ ಬರಹದ ಆಶಯ.

ಟ್ರಾಯ್ ಯುದ್ಧಕ್ಕೆ ಹೊರಟ ಗ್ರೀಕ್ ನೌಕಾಪಡೆ ಆಲಿಸ್ ಎಂಬಲ್ಲಿ ಮುಂದೆ ಸಾಗಲಾರದೆ ನಿಲ್ಲುತ್ತದೆ. ಮುನಿದ ಆರ್ಟೆಮಿಸ್ ದೇವತೆಗೆ ಅಗಮೆಮ್ನಾನನು ತನ್ನ ಮಗಳನ್ನೇ ಬಲಿಕೊಡಬೇಕಾಗುತ್ತದೆ. ಅಕಿಲೀಸನೊಡನೆ ಮದುವೆಯೆಂಬ ನೆಪದಲ್ಲಿ ಅವಳನ್ನು ಕರೆಸುತ್ತಾರೆ. ಹೋಮರನ ಇಲಿಯಡ್‌ನಲ್ಲಿ ಈ ಬಲಿಯ ಪ್ರಸ್ತಾಪವೇ ಇಲ್ಲ. ಕ್ರಿ.ಪೂ. 458ರಲ್ಲಿ ಪ್ರದರ್ಶನಗೊಂಡ ಈಸ್ಕಿಲಸನ ‘ಅಗಮೆಮ್ನಾನ್’ ನಾಟಕದಲ್ಲಿ ಅವಳನ್ನು ಯಾವ ದೇವತೆಯೂ ಕಾಪಾಡುವುದಿಲ್ಲ. ಕ್ರಿ.ಪೂ. 414–412ರ ಸುಮಾರಿನ ಯುರಿಪಿಡೀಸನ ನಾಟಕದಲ್ಲಾದರೋ ಆರ್ಟೆಮಿಸ್ ಅವಳ ಬದಲಿಗೆ ಜಿಂಕೆಯೊಂದನ್ನು ಇರಿಸಿ, ಅವಳನ್ನು ಕಪ್ಪು ಸಮುದ್ರದ ಉತ್ತರ ದಡದ ಟಾರಿಯನ್ನರ ನಾಡಿಗೆ, ಅಂದರೆ ಇಂದಿನ ಕ್ರಿಮಿಯಕ್ಕೆ, ಒಯ್ಯುತ್ತಾಳೆ. ಅಲ್ಲಿ ಅವಳು ಆ ದೇವತೆಯ ಪೂಜಾರಿಣಿ. ದಡಕ್ಕೆ ಬಂದ ಪರದೇಶಿಗಳನ್ನು ಬಲಿಗೆ ಅಣಿಗೊಳಿಸುವುದು ಅವಳ ಪಾಲಿನ ಕೆಲಸ.

ಅಪೋಲೋವಿನ ಆಣತಿಯಂತೆ ಆಕಾಶದಿಂದ ಬಿದ್ದ ದೇವೀವಿಗ್ರಹವನ್ನು ಕದ್ದೊಯ್ಯಲು ಬರುವ ಅವಳ ತಮ್ಮ ಆರೆಸ್ಟಿಸ್, ಗೆಳೆಯ ಪಿಲಡೀಸನೊಡನೆ ಸೆರೆಸಿಕ್ಕುತ್ತಾನೆ. ಪತ್ರವೊಂದರ ನೆಪದಲ್ಲಿ ಅಕ್ಕತಮ್ಮಂದಿರ ಗುರುತು ಬಯಲಾಗುತ್ತದೆ. ವಿಗ್ರಹಕ್ಕೆ ಮೈಲಿಗೆಯಾಗಿದೆ, ಕಡಲಿನಲ್ಲಿ ತೊಳೆಯಬೇಕೆಂದು ದೊರೆ ಥೋವಾಸನನ್ನು ನಂಬಿಸಿ ಅವರು ಪಾರಾಗುತ್ತಾರೆ. ಇಲ್ಲಿ ಯುರಿಪಿಡೀಸ್ ಎರಡು ಸೂಕ್ಷ್ಮಗಳನ್ನು ಇರಿಸಿದ್ದಾನೆ. ದೇವತೆಗೆ ನರಬಲಿ ಬೇಕಿಲ್ಲ, ಇಲ್ಲಿಯ ಜನ ತಮ್ಮ ಕ್ರೌರ್ಯವನ್ನೇ ಅವಳ ಮೇಲೆ ಹೊರಿಸಿದ್ದಾರೆಂದು ಇಫಿಜೀನಿಯಾ ಭಾವಿಸುತ್ತಾಳೆ. ಆದರೆ ಅವಳ ಕೊರಳಿಗೆ ಕತ್ತಿಯೆತ್ತಿದವರು ಗ್ರೀಕರೇ. ಆರೆಸ್ಟಿಸ್ ತಾಯಿಯನ್ನು ಕೊಂದವನೆಂದು ಕೇಳಿದಾಗ, ಅನಾಗರಿಕರಲ್ಲೂ ಯಾರೂ ಇಂಥದ್ದಕ್ಕೆ ಕೈಹಾಕರೆಂದು ಬೆಚ್ಚಿಬೀಳುವವನು ಅನಾಗರಿಕನೆನಿಸಿದ ಥೋವಾಸನೇ.

ಆ ದೇವತೆ ನಿಜಕ್ಕೂ ಯಾರು? ಟಾರಿಯನ್ನರು ಬಲಿಕೊಡುತ್ತಿದ್ದುದು ‘ಕನ್ಯೆ’ ಎಂಬ ದೇವತೆಗೆ, ಅವಳು ಅಗಮೆಮ್ನಾನನ ಮಗಳೇ ಎಂದು ಅವರೇ ಹೇಳುತ್ತಾರೆ ಎಂದು ಹೆರೊಡೋಟಸ್ ಬರೆದಿದ್ದಾನೆ. ಸಮೀಪದ ಗ್ರೀಕ್ ವಸಾಹತಾದ ಖೆರ್ಸೊನೀಸಸ್‌ನಲ್ಲೂ ‘ಕನ್ಯೆ’ ಊರ ದೇವತೆಯಾಗಿದ್ದಳು. ಅಲ್ಲಿಯ ಪೌರರ ಪ್ರತಿಜ್ಞಾಶಾಸನದಲ್ಲಿ ಅವಳ ಹೆಸರಿದೆ. ಒಬ್ಬಳೇ ದೇವತೆಗೆ ಒಂದೆಡೆ ಆರ್ಟೆಮಿಸ್, ಇನ್ನೊಂದೆಡೆ ಇಫಿಜೀನಿಯಾ, ಮತ್ತೊಂದೆಡೆ ಬರಿಯ ಕನ್ಯೆ ಎಂಬ ಹೆಸರು. ಟಾರಿಯನ್ನರು ತಮ್ಮ ನುಡಿಯಲ್ಲಿ ಅವಳನ್ನು ಏನೆಂದು ಕರೆದರೋ ಆ ಹೆಸರು ಮಾತ್ರ ಈ ಗ್ರೀಕ್ ಬರಹಗಳಲ್ಲಿಲ್ಲ. ಪರರ ದೇವತೆಗಳನ್ನು ತಮ್ಮ ದೇವತೆಗಳ ಹೆಸರಿನಿಂದ ಗುರುತಿಸುವುದು ಗ್ರೀಕರ ರೂಢಿಯಾಗಿತ್ತು.

ನಾಟಕದ ಕೊನೆಯಲ್ಲಿ ಅಥೀನಾ ಪ್ರತ್ಯಕ್ಷಳಾಗಿ, ವಿಗ್ರಹವನ್ನು ಅಟಿಕಾ ಸೀಮೆಯ ಹಾಲೈಯಲ್ಲಿ ಸ್ಥಾಪಿಸಬೇಕೆಂದೂ, ಅಲ್ಲಿ ಬಲಿಯ ಬದಲು ಒಬ್ಬನ ಕೊರಳಿಗೆ ಕತ್ತಿ ತಾಗಿಸಿ ತುಸು ನೆತ್ತರು ತೆಗೆಯಬೇಕೆಂದೂ ವಿಧಿಸುತ್ತಾಳೆ. ಬ್ರಾರಾನ್‌ನಲ್ಲಿ ನೆಲೆಸುವ ಇಫಿಜೀನಿಯಾಳಿಗೆ ಹೆರಿಗೆಯಲ್ಲಿ ಸತ್ತ ಹೆಂಗಸರ ಉಡುಗೆಗಳನ್ನು ಅರ್ಪಿಸಬೇಕೆಂಬ ವಿಧಿಯೂ ಉಂಟು. ಆದರೆ ಕ್ರಿ.ಶ. 2ನೆಯ ಶತಮಾನದ ಪ್ರವಾಸಿ ಪೌಸೇನಿಯಸ್ ಬೇರೆಯದನ್ನೇ ದಾಖಲಿಸುತ್ತಾನೆ: ಸ್ಪಾರ್ಟಾದವರು ಆ ವಿಗ್ರಹ ತಮ್ಮಲ್ಲಿಯ ಆರ್ಟೆಮಿಸ್ ಆರ್ಥಿಯಾಳದೇ ಎನ್ನುತ್ತಿದ್ದರು, ಕಪಡೋಸಿಯದವರೂ ಲಿಡಿಯದವರೂ ತಮ್ಮದೆನ್ನುತ್ತಿದ್ದರು. ಒಂದು ವಿಗ್ರಹಕ್ಕೆ ಇಷ್ಟು ಹಕ್ಕುದಾರರು.

ಯುರಿಪಿಡೀಸನ ಟಾರಿಯನ್ನರು, ದೊರೆಯಿಂದ ದನಗಾಹಿಯವರೆಗೆ, ಶುದ್ಧ ಗ್ರೀಕಿನಲ್ಲೇ ಮಾತನಾಡುತ್ತಾರೆ. ಪರಭಾಷೆಯವನನ್ನು ಗ್ರೀಕರು ‘ಬಾರ್ಬರೋಸ್’ ಎಂದು ಕರೆದದ್ದು ಅವನ ಮಾತು ತಮ್ಮ ಕಿವಿಗೆ ‘ಬರ್ ಬರ್’ ಎಂದು ಕೇಳಿಸಿದ್ದರಿಂದ. ಆ ಸದ್ದನ್ನೇ ರಂಗದ ಮೇಲೆ ತಂದದ್ದು ಈಜಿಪ್ಟಿನ ಆಕ್ಸಿರಿಂಕಸ್‌ನಲ್ಲಿ ದೊರೆತು 1903ರಲ್ಲಿ ಪ್ರಕಟವಾದ 413ನೆಯ ಪಪೈರಸ್‌ನ ಪ್ರಹಸನ. ಅದರ ನಾಯಕಿ ಖಾರಿಟಿಯಾನ್ ಭಾರತದ ಕಡಲತೀರವೊಂದರ ದೇಗುಲದಲ್ಲಿ ಸೆರೆಯಾಗಿರುವ ಗ್ರೀಕ್ ಹೆಣ್ಣು. ಅವಳ ಅಣ್ಣನ ತಂಡವು ಅಲ್ಲಿಯ ದೊರೆಗೆ ನೀರು ಬೆರೆಸದ ಮದ್ಯ ಕುಡಿಸಿ ಅವಳನ್ನು ಬಿಡಿಸುತ್ತದೆ. ಹಂದರ ಸ್ಪಷ್ಟವಾಗಿ ಇಫಿಜೀನಿಯಾಳದೇ. ಆದರೆ ದೇವಿಯ ಕಾಣಿಕೆಗಳನ್ನು ಕದಿಯೋಣವೆಂದಾಗ ಖಾರಿಟಿಯಾನ್ ತಡೆಯುತ್ತಾಳೆ.

ಪ್ರಹಸನದ ಪರಭಾಷೆಯ ಮಾತುಗಳು ಕನ್ನಡವಿರಬಹುದೆಂದು 1904ರಲ್ಲಿ ಹುಲ್ಟ್ಜ್ ಸೂಚಿಸಿದರು. ಆರ್. ಶಾಮಶಾಸ್ತ್ರಿಗಳೂ ಮಂಜೇಶ್ವರದ ಗೋವಿಂದ ಪೈಗಳೂ ಆ ವಾದವನ್ನು ಬೆಳೆಸಿದರು. 1926ರಲ್ಲಿ ಬಾರ್ನೆಟ್ ಅದನ್ನು ಒಪ್ಪಲಿಲ್ಲ. ಮುಂದೆ ತುಳುವಿನ ಪರವಾಗಿಯೂ ವಾದಗಳು ಹುಟ್ಟಿದವು. ಈ ವಿವಾದದ ತೀರ್ಮಾನ ಭಾಷಾಶಾಸ್ತ್ರಕ್ಕೆ ಸೇರಿದ್ದು. ಆದರೆ ಐತಿಹ್ಯವನ್ನು ಬಲ್ಲವನು ಮೂರು ಎಚ್ಚರಗಳನ್ನು ಹೇಳಬಹುದು. ಮೊದಲನೆಯದು, ಅಲ್ಲಿ ದೊರೆ ದೇವಿಯನ್ನು ‘ಸೆಲೀನೀ’ ಎಂದು ಸಂಬೋಧಿಸಿದ ಮಾತ್ರಕ್ಕೆ ನಮ್ಮ ಕರಾವಳಿಯಲ್ಲಿ ಚಂದ್ರದೇವತೆಯ ಗುಡಿಯನ್ನು ಹುಡುಕಬೇಕಿಲ್ಲ. ಅದು ಗ್ರೀಕರು ಇಟ್ಟ ಹೆಸರು. ಎರಡನೆಯದು, ಸೆರೆ, ದೇಗುಲ, ಕಡಲದಾರಿಯ ಪಲಾಯನ ಇವೆಲ್ಲ ಯುರಿಪಿಡೀಸನಿಂದ ಬಂದ ಸಲಕರಣೆ. ಇವನ್ನು ಕಣ್ಣಾರೆ ಕಂಡವರ ವರದಿಯೆಂದು ಭಾವಿಸಲಾಗದು. ಮೂರನೆಯದು, ಪ್ರೇಕ್ಷಕನನ್ನು ನಗಿಸಲು ಆ ಮಾತು ಅರ್ಥವಾಗದಿದ್ದರೂ ಸಾಕಿತ್ತು. ಅದರಲ್ಲಿ ನಿಜವಾದ ನುಡಿಯಿದೆಯೆಂದರೆ ಪುರಾವೆ ಪದಗಳಿಂದಲೇ ಬರಬೇಕು, ಕಥೆಯಿಂದಲ್ಲ.

ತಮ್ಮ ನುಡಿ ಇನ್ನೊಬ್ಬರಿಗೆ ಬರಿಯ ಸದ್ದಾಗಿ ಕೇಳಿಸುವ ಅನುಭವ ಗಡಿನಾಡಿನ ವಿದ್ವಾಂಸರಿಗೆ ಹೊಸತಲ್ಲ. ಎರಡು ಸಾವಿರ ವರ್ಷ ಹಳೆಯ ಬರಹವೊಂದರಲ್ಲಿ ಅದನ್ನು ಮರಳಿ ನುಡಿಯಾಗಿ ಕೇಳಿಸಿಕೊಳ್ಳುವ ಗೋವಿಂದ ಪೈಗಳ ಹಂಬಲ ಸಹಜವಾದದ್ದೇ. ಆ ಹಂಬಲಕ್ಕೆ ನ್ಯಾಯ ಸಲ್ಲಬೇಕಾದರೆ ಟಾರಿಯನ್ನರ ಕಡಲತೀರದ ಕಥೆಯನ್ನೂ ಪಕ್ಕದಲ್ಲಿರಿಸಿಕೊಂಡು ಆ ಪಪೈರಸ್ಸನ್ನು ಓದಬೇಕು.