ಮೊದಲ ಕರೆ ಯಾರಿಗೆ? ಸೇವಾ ಸಂಸ್ಥೆಗಳಲ್ಲಿ ಕೃತಕ ಬುದ್ಧಿಮತ್ತೆ

ಸೇವಾ ಸಂಸ್ಥೆಗಳ ಹಳೆಯ ಸಂಕಟ ಒಂದೇ: ಕೆಲಸ ಬೆಟ್ಟದಷ್ಟು, ಕೈಗಳು ಕೆಲವೇ. ನೆರವು ಬೇಕಾದವರು ಸಾವಿರಾರು ಮಂದಿ ಇದ್ದರೆ, ಅವರ ಮನೆ ಬಾಗಿಲಿಗೆ ಹೋಗಬಲ್ಲ ಕಾರ್ಯಕರ್ತೆಯರು ಹತ್ತಿಪ್ಪತ್ತು ಜನ. ವ್ಯಾಪಾರದಲ್ಲಾದರೆ ಹೆಚ್ಚು ಹಣ ಕೊಡುವ ಗಿರಾಕಿಯನ್ನು ಮೊದಲು ನೋಡಿಕೊಂಡರೆ ಆಯಿತು. ಸೇವೆಯಲ್ಲಿ ಆ ದಾರಿಯಿಲ್ಲ. ಯಾರ ಮನೆಗೆ ಮೊದಲು ಹೋಗಬೇಕು, ಯಾರ ಫೋನನ್ನು ಮೊದಲು ಎತ್ತಬೇಕು, ಇರುವಷ್ಟು ಹಣ ಯಾರ ಕೈ ಸೇರಬೇಕು ಎಂಬುದನ್ನು ದಿನ ಬೆಳಗಾದರೆ ತೀರ್ಮಾನಿಸಲೇಬೇಕು.

ಕೃತಕ ಬುದ್ಧಿಮತ್ತೆ, ಅಂದರೆ ನಾವೆಲ್ಲ ಈಗ ಎಐ ಎಂದು ಕರೆಯುವ ತಂತ್ರಜ್ಞಾನ, ಸೇವಾಕ್ಷೇತ್ರದಲ್ಲಿ ನಿಜವಾಗಿ ಕೆಲಸಕ್ಕೆ ಬಂದಿರುವುದು ಈ ತೀರ್ಮಾನದ ಜಾಗದಲ್ಲಿಯೇ. ಅದು ಎಡವಿರುವುದೂ ಹೆಚ್ಚಾಗಿ ಒಂದೇ ಬಗೆಯ ಸಂದರ್ಭದಲ್ಲಿ: ಮನುಷ್ಯರು ಕೂರಬೇಕಾದ ಕುರ್ಚಿಯಲ್ಲಿ ಅದನ್ನೇ ಕೂರಿಸಿದಾಗ. ಎರಡಕ್ಕೂ ನಿದರ್ಶನಗಳನ್ನು ಈ ಅಧ್ಯಾಯದಲ್ಲಿ ನೋಡೋಣ.

ಮುಂಬಯಿಯ ತಾಯಂದಿರು

ಅರ್ಮಾನ್ ಎಂಬುದು ಮುಂಬಯಿಯ ಸೇವಾ ಸಂಸ್ಥೆ. ವೈದ್ಯೆ ಡಾ. ಅಪರ್ಣಾ ಹೆಗ್ಡೆ ಇದನ್ನು 2008ರಲ್ಲಿ ಕಟ್ಟಿದರು. ಈ ಸಂಸ್ಥೆಯ ‘ಎಂಮಿತ್ರ’ ಯೋಜನೆಯಲ್ಲಿ ಬಸುರಿಯರಿಗೂ ಬಾಣಂತಿಯರಿಗೂ ಉಚಿತವಾಗಿ ಫೋನ್ ಕರೆ ಹೋಗುತ್ತದೆ. ಕರೆ ಎತ್ತಿದರೆ ಧ್ವನಿಮುದ್ರಿತ ಮಾತು ಕೇಳಿಸುತ್ತದೆ: ಈ ತಿಂಗಳಲ್ಲಿ ಯಾವ ಮಾತ್ರೆ ತಪ್ಪಿಸಬಾರದು, ಯಾವ ಲಕ್ಷಣ ಕಂಡರೆ ಆಸ್ಪತ್ರೆಗೆ ಓಡಬೇಕು, ಮಗುವಿಗೆ ಯಾವ ಲಸಿಕೆ ಯಾವಾಗ. 20 ಲಕ್ಷಕ್ಕೂ ಹೆಚ್ಚು ಮಹಿಳೆಯರಿಗೆ ಈ ಕರೆಗಳು ತಲುಪಿವೆ.

ತೊಡಕು ಬೇರೆಡೆ ಇತ್ತು. ಮೊದಮೊದಲು ಕಿವಿಗೊಟ್ಟು ಕೇಳುತ್ತಿದ್ದವರಲ್ಲಿ ಹಲವರು ಕೆಲವು ವಾರಗಳಾದ ಮೇಲೆ ಕರೆಯನ್ನು ಅರ್ಧಕ್ಕೇ ಕಡಿದುಬಿಡುತ್ತಿದ್ದರು. ಫೋನ್ ಗಂಡನ ಕೈಯಲ್ಲಿರಬಹುದು, ಕರೆ ಬರುವ ಹೊತ್ತು ಅಡುಗೆಯ ಹೊತ್ತಾಗಿರಬಹುದು. ಆರೋಗ್ಯ ಕಾರ್ಯಕರ್ತೆಯೊಬ್ಬರು ನೇರವಾಗಿ ಮಾತಾಡಿ ವಿಚಾರಿಸಿದರೆ ಇಂಥವರಲ್ಲಿ ಎಷ್ಟೋ ಮಂದಿ ಮತ್ತೆ ಕೇಳತೊಡಗುತ್ತಾರೆ. ಆದರೆ ಲಕ್ಷಾಂತರ ಜನಕ್ಕೆ ಹಾಗೆ ಮಾತಾಡಲು ಕಾರ್ಯಕರ್ತೆಯರು ಎಲ್ಲಿದ್ದಾರೆ?

ಗೂಗಲ್ ರಿಸರ್ಚ್ ಇಂಡಿಯಾದ ಸಂಶೋಧಕರು ಅರ್ಮಾನ್ ಜೊತೆ ಸೇರಿ ಇದಕ್ಕೊಂದು ಎಐ ಮಾದರಿ ರೂಪಿಸಿದರು. ಮುಂದಾಳು ಹಾರ್ವರ್ಡ್ ವಿಶ್ವವಿದ್ಯಾಲಯದ ಮಿಲಿಂದ್ ತಾಂಬೆ. ಆ ಮಾದರಿ ಕೇಳುವ ಪ್ರಶ್ನೆ ಗಮನಿಸುವಂತಿದೆ. ‘ಯಾರು ಕೈಬಿಡಲಿದ್ದಾರೆ?’ ಎಂದಷ್ಟೇ ಅದು ಕೇಳುವುದಿಲ್ಲ. ‘ಈ ವಾರ ಫೋನ್ ಮಾಡಿದರೆ ಯಾರಲ್ಲಿ ಬದಲಾವಣೆ ಕಂಡೀತು?’ ಎಂದು ಕೇಳುತ್ತದೆ. ಹೇಗೂ ಕೇಳುವವರಿಗೆ ಕರೆ ಮಾಡಿ ಫಲವಿಲ್ಲ. ಯಾರನ್ನು ವಿಚಾರಿಸಿದರೆ ಅವರು ಮರಳಿ ಬರಬಹುದೋ ಅವರ ಹೆಸರು ಪಟ್ಟಿಯ ಮೇಲುಗಡೆ ಬರುತ್ತದೆ. ಹಿಂದಿನ ವರ್ಷಗಳಲ್ಲಿ ಯಾರು ಎಷ್ಟು ಹೊತ್ತು ಕೇಳಿದ್ದರು ಎಂಬ ದಾಖಲೆಯೇ ಈ ಲೆಕ್ಕಕ್ಕೆ ಆಧಾರ.

2021ರಲ್ಲಿ ಸುಮಾರು 23,000 ಮಹಿಳೆಯರನ್ನು ಮೂರು ಗುಂಪು ಮಾಡಿ ಇದನ್ನು ಪರೀಕ್ಷಿಸಿದರು. ಕಾರ್ಯಕರ್ತೆಯರ ಕರೆಯೇ ಹೋಗದ ಗುಂಪಿಗೆ ಹೋಲಿಸಿದರೆ, ಎಐ ಆರಿಸಿದ ಪಟ್ಟಿಯಂತೆ ಅವರು ಮಾತಾಡಿದ ಗುಂಪಿನಲ್ಲಿ ಕೇಳುವಿಕೆಯ ಇಳಿತ ಸುಮಾರು 30 ಪ್ರತಿಶತದಷ್ಟು ತಗ್ಗಿತು. ಒಬ್ಬರಾದ ಮೇಲೆ ಒಬ್ಬರಂತೆ ಸರದಿಯಲ್ಲಿ ಕರೆ ಮಾಡಿದ ಗುಂಪಿನಲ್ಲಿ ಹೇಳಿಕೊಳ್ಳುವಂಥ ವ್ಯತ್ಯಾಸ ಕಾಣಲಿಲ್ಲ. 2022ರಿಂದ ಇದು ದಿನನಿತ್ಯದ ಬಳಕೆಗೂ ಬಂತು. ಇಲ್ಲಿ ತಾಯಿಯೊಡನೆ ಮಾತಾಡುವವರು ಮನುಷ್ಯರೇ. ಯಂತ್ರ ಮಾಡಿದ್ದು ಪಟ್ಟಿಯನ್ನಷ್ಟೇ.

ಹಾಗೆಂದು ಪಟ್ಟಿ ಮಾಡುವುದು ನಿರಪಾಯದ ಕೆಲಸವೇನಲ್ಲ. ಬದಲಾಗುವ ಸಾಧ್ಯತೆ ಇರುವವರಿಗೆ ಮೊದಲ ಮಣೆ ಹಾಕಿದರೆ, ಬದಲಾಗಲಾರದಷ್ಟು ಕಷ್ಟದಲ್ಲಿರುವವರು ಹಿಂದೆ ಉಳಿಯಬಹುದು. ಸ್ವಂತ ಫೋನೇ ಇಲ್ಲದ ಬಸುರಿಗೆ ಎಷ್ಟು ಕರೆ ಮಾಡಿದರೂ ‘ಫಲಿತಾಂಶ’ ಕಾಣದು. ಹೆಚ್ಚಿನ ಆಸರೆ ಬೇಕಿರುವುದೂ ಆಕೆಗೇ ಇರಬಹುದು. ಹಾಗೆ ಉಳಿದುಬಿಟ್ಟವರನ್ನು ಹುಡುಕಿಕೊಂಡು ಹೋಗುವ ಹೊಣೆ ಸಂಸ್ಥೆಯ ಮೇಲೇ ಇರುತ್ತದೆ.

ಸಾಲಿನಲ್ಲಿ ಮುಂದೆ ಯಾರು?

ಅಮೆರಿಕದ ಕ್ರೈಸಿಸ್ ಟೆಕ್ಸ್ಟ್ ಲೈನ್ 2013ರಲ್ಲಿ ಆರಂಭವಾದ ಸಹಾಯವಾಣಿ. ಮಾನಸಿಕ ಸಂಕಟದಲ್ಲಿರುವವರು ಮೊಬೈಲಿನಿಂದ ಸಂದೇಶ ಕಳಿಸುತ್ತಾರೆ, ತರಬೇತಿ ಪಡೆದ ಸ್ವಯಂಸೇವಕರು ಉತ್ತರಿಸುತ್ತಾರೆ. ಆಸ್ಪತ್ರೆಯ ಹೊರರೋಗಿ ವಿಭಾಗದಲ್ಲಿ ಚೀಟಿಯ ನಂಬರಿನಂತೆ ಕರೆಯುತ್ತಾ ಹೋದರೆ ಎದೆನೋವಿನವನು ನೆಗಡಿಯವನ ಹಿಂದೆ ಕಾಯಬೇಕಾಗುತ್ತದೆ. ಇಲ್ಲಿಯೂ ಹಾಗೆಯೇ ಆಗುತ್ತಿತ್ತು. ಹಾಗಾಗಿ ಸಂಸ್ಥೆ ಹಳೆಯ ಸಂಭಾಷಣೆಗಳಿಂದ ಒಂದು ಮಾದರಿಯನ್ನು ಕಲಿಸಿ, ಪ್ರಾಣಾಪಾಯ ಹೆಚ್ಚಿರುವ ಸಂದೇಶ ಸಾಲಿನ ಮುಂದಕ್ಕೆ ಬರುವಂತೆ ಮಾಡಿತು. ಅಪಾಯ ಎಲ್ಲಿದೆ ಎಂಬ ನಮ್ಮ ಊಹೆ ಎಷ್ಟೋ ಸಲ ತಪ್ಪು ಎಂಬುದೂ ಆಗ ತಿಳಿಯಿತು. ಸಾವಿನ ಮಾತನ್ನು ಬಾಯಿಬಿಟ್ಟು ಹೇಳಿದವರಿಗಿಂತ, ಮನೆಯಲ್ಲಿರುವ ಸಾಮಾನ್ಯ ಮಾತ್ರೆಯೊಂದರ ಹೆಸರೆತ್ತಿದವರಿಗೆ ತುರ್ತು ನೆರವು ಬೇಕಾದದ್ದು ಹೆಚ್ಚು.

ಇದೇ ಸಂಸ್ಥೆ ಇನ್ನೊಂದು ಪಾಠವನ್ನೂ ಕಲಿಸಿತು. ಗ್ರಾಹಕ ಸೇವೆಗೆ ಸಾಫ್ಟ್‌ವೇರ್ ಮಾಡುವ ಲಾರಿಸ್ ಎಂಬ ಲಾಭದ ಕಂಪನಿಯೊಂದನ್ನು ಅದು ಹುಟ್ಟುಹಾಕಿತ್ತು. ಹೆಸರು ತೆಗೆದ ಸಂಭಾಷಣೆಗಳ ಡೇಟಾವನ್ನು ಆ ಕಂಪನಿಯೊಂದಿಗೆ ಹಂಚಿಕೊಂಡಿತ್ತು. 2022ರ ಜನವರಿಯಲ್ಲಿ ಪತ್ರಿಕಾ ವರದಿಯಿಂದ ಇದು ಬಯಲಾದಾಗ ದೊಡ್ಡ ಟೀಕೆ ಎದ್ದಿತು. ಕೆಲವೇ ದಿನಗಳಲ್ಲಿ ಸಂಸ್ಥೆ ಆ ಹಂಚಿಕೆಯನ್ನು ನಿಲ್ಲಿಸಿತು. ಕಾನೂನು ಮುರಿಯಲಾಗಿತ್ತೇ ಎಂಬ ಪ್ರಶ್ನೆಗಿಂತ ಜನರಿಗೆ ನೋವಾದದ್ದು ಬೇರೆ ವಿಷಯಕ್ಕೆ. ಸಾಯಬೇಕೆನ್ನಿಸಿದ ಹೊತ್ತಿನಲ್ಲಿ ನಂಬಿ ಹೇಳಿಕೊಂಡ ಮಾತು ವ್ಯಾಪಾರಿ ಕಂಪನಿಗೆ ಕಚ್ಚಾವಸ್ತುವಾಗಬಹುದೆಂದು ಯಾರೂ ಎಣಿಸಿರಲಿಲ್ಲ.

ಉಪಗ್ರಹಕ್ಕೆ ಕಂಡ ಬಡತನ

ಪಶ್ಚಿಮ ಆಫ್ರಿಕಾದ ಪುಟ್ಟ ದೇಶ ಟೋಗೊ. ಕೋವಿಡ್ ಕಾಲದಲ್ಲಿ, 2020ರ ಏಪ್ರಿಲ್‌ನಲ್ಲಿ, ಅಲ್ಲಿನ ಸರ್ಕಾರ ‘ನೊವಿಸ್ಸಿ’ ಎಂಬ ಯೋಜನೆಯಡಿ ಬಡವರ ಮೊಬೈಲಿಗೆ ನೇರವಾಗಿ ಹಣ ಹಾಕತೊಡಗಿತು. ಬಡವರು ಯಾರೆಂದು ತಿಳಿಸುವ ಹೊಸ ಪಟ್ಟಿ ಸರ್ಕಾರದ ಬಳಿ ಇರಲಿಲ್ಲ. ಲಾಕ್‌ಡೌನ್ ನಡುವೆ ಮನೆಮನೆ ಸಮೀಕ್ಷೆ ಮಾಡುವುದೂ ಆಗದ ಮಾತು. ಆಗ ಗಿವ್‌ಡೈರೆಕ್ಟ್‌ಲಿ ಎಂಬ ಸೇವಾ ಸಂಸ್ಥೆ ಮತ್ತು ಬರ್ಕ್ಲಿಯ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದ ಸಂಶೋಧಕರು ಕೈಜೋಡಿಸಿದರು. ಉಪಗ್ರಹ ಚಿತ್ರಗಳಿಂದ ಕಡು ಬಡ ಪ್ರದೇಶಗಳನ್ನು ಗುರುತಿಸಿದರು. ಆ ಪ್ರದೇಶಗಳೊಳಗೆ ಮೊಬೈಲ್ ಬಳಕೆಯ ಮಾದರಿಯಿಂದ ಕಡು ಬಡವರನ್ನು ಅಂದಾಜು ಮಾಡಿದರು. 50,000ಕ್ಕೂ ಹೆಚ್ಚು ಮಂದಿಗೆ ಹಣ ತಲುಪಿತು.

2022ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಬಂದ ಪ್ರಬಂಧ ಇದರ ಒಳಿತನ್ನೂ ಕೊರತೆಯನ್ನೂ ಮುಚ್ಚುಮರೆಯಿಲ್ಲದೆ ಹೇಳಿತು. ಇಡೀ ಪ್ರದೇಶವನ್ನೇ ಬಡ ಪ್ರದೇಶವೆಂದು ಆರಿಸುವ ವಿಧಾನಕ್ಕಿಂತ ಇದರಲ್ಲಿ ಅರ್ಹರು ಬಿಟ್ಟುಹೋಗುವುದು ಕಡಿಮೆ. ಆದರೆ ಪ್ರತಿ ಕುಟುಂಬದ ವಿವರವಿರುವ ಸಮಗ್ರ ಪಟ್ಟಿಯೊಂದು ಇದ್ದಿದ್ದರೆ ಅದಕ್ಕಿಂತ ಇದರಲ್ಲಿ ತಪ್ಪು ಹೆಚ್ಚು. ಅಂದರೆ ಪಟ್ಟಿಯಿಲ್ಲದ ತುರ್ತಿನಲ್ಲಿ ಎಐ ಕೈಹಿಡಿಯುತ್ತದೆ. ಪಟ್ಟಿ ಮಾಡುವ ಕಷ್ಟದ ಕೆಲಸವನ್ನೇ ಬಿಟ್ಟುಬಿಡಲು ಅದು ನೆಪವಾಗಬಾರದು. ಮೊಬೈಲಿಲ್ಲದವರಂತೂ ಈ ಲೆಕ್ಕದ ಹೊರಗೇ ಉಳಿದರು.

ಮನುಷ್ಯರನ್ನು ಎಬ್ಬಿಸಿ ಯಂತ್ರ ಕೂರಿಸಿದಾಗ

ಎಡವಿದ ಕಥೆಗಳಲ್ಲಿ ಹೆಚ್ಚು ಹೆಸರಾದದ್ದು ಅಮೆರಿಕದ ನ್ಯಾಷನಲ್ ಈಟಿಂಗ್ ಡಿಸಾರ್ಡರ್ಸ್ ಅಸೋಸಿಯೇಷನ್‌ನದು. ಊಟವನ್ನೇ ಶತ್ರುವಾಗಿ ಕಾಣುವ, ದಪ್ಪಗಾದೇನೆಂಬ ಭಯದಲ್ಲಿ ಉಪವಾಸ ಬೀಳುವ ಕಾಯಿಲೆಗಳಿಂದ ನರಳುವವರಿಗಾಗಿ ಈ ಸಂಸ್ಥೆ 1999ರಿಂದ ಸಹಾಯವಾಣಿ ನಡೆಸುತ್ತಿತ್ತು. 2023ರಲ್ಲಿ ಅಲ್ಲಿನ ಸಿಬ್ಬಂದಿ ಕಾರ್ಮಿಕ ಸಂಘ ಕಟ್ಟಿಕೊಂಡರು. ಅದರ ಬೆನ್ನಿಗೇ ಸಹಾಯವಾಣಿ ಮುಚ್ಚುವ ತೀರ್ಮಾನ ಹೊರಬಿತ್ತು. ಇನ್ನು ಮುಂದೆ ಜನ ‘ಟೆಸ್ಸಾ’ ಎಂಬ ಚಾಟ್‌ಬಾಟ್ ಬಳಸಲಿ ಎಂದಾಯಿತು.

ಟೆಸ್ಸಾ ಮೊದಲು ತಜ್ಞರು ಬರೆದಿಟ್ಟ ಉತ್ತರಗಳನ್ನಷ್ಟೇ ಕೊಡುವ ಬಾಟ್ ಆಗಿತ್ತು. ನಡೆಸುತ್ತಿದ್ದ ಕಂಪನಿ ಅದಕ್ಕೆ ತಾನೇ ಮಾತು ಹೊಸೆಯುವ ಎಐ ಸೇರಿಸಿತು. ಪರಿಣಾಮವಾಗಿ, ನೆರವು ಕೇಳಿ ಬಂದವರಿಗೆ ದಿನಕ್ಕೆ ಇಷ್ಟು ಕ್ಯಾಲೊರಿ ಕಡಿಮೆ ಮಾಡಿ, ವಾರವಾರ ತೂಕ ನೋಡಿಕೊಳ್ಳಿ ಎಂಬ ಸಲಹೆಗಳು ಸಿಕ್ಕವು. ಬೊಜ್ಜು ಇಳಿಸಿಕೊಳ್ಳುವವರಿಗೆ ಮಾಮೂಲಿಯಾದ ಈ ಮಾತು ಇಂಥ ರೋಗಿಗಳಿಗೆ ವಿಷ. 2023ರ ಮೇ ಕೊನೆಗೆ ಟೆಸ್ಸಾವನ್ನು ತೆಗೆದುಹಾಕಿದರು. ಅತ್ತ ಮನುಷ್ಯರೂ ಇಲ್ಲ, ಇತ್ತ ಯಂತ್ರವೂ ಇಲ್ಲವೆಂಬಂತಾಯಿತು.

ಲೈಂಗಿಕ ಅಲ್ಪಸಂಖ್ಯಾತ ಯುವಜನರ ಆತ್ಮಹತ್ಯೆ ತಡೆಯಲು ದುಡಿಯುವ ಟ್ರೆವರ್ ಪ್ರಾಜೆಕ್ಟ್ ಇದಕ್ಕೆ ತೀರಾ ತಿರುಗುಮುರುಗಾಗಿ ಯೋಚಿಸಿತು. 2021ರಲ್ಲಿ ಅದು ‘ರೈಲಿ’ ಎಂಬ ಕಾಲ್ಪನಿಕ ಹದಿಹರೆಯದ ಪಾತ್ರವನ್ನು ಎಐ ಮೂಲಕ ರೂಪಿಸಿತು. ಇಲ್ಲಿ ನೆರವು ಕೇಳುವ ಪಾತ್ರ ಯಂತ್ರದ್ದು; ಸ್ವಯಂಸೇವಕರು ಅದರೊಡನೆ ಮಾತಾಡಿ ಪಳಗುತ್ತಾರೆ. ಅಭ್ಯಾಸದಲ್ಲಿ ತಪ್ಪಾದರೆ ಯಾರ ಜೀವಕ್ಕೂ ಕುತ್ತಿಲ್ಲ. ನಿಜವಾಗಿ ಸಂಕಟದಲ್ಲಿರುವ ಮಗುವಿನ ಎದುರು ಕೂರುವುದು ಹಾಗೆ ಪಳಗಿದ ಮನುಷ್ಯರು.

ಕನ್ನಡ ಕೇಳಿಸಿಕೊಳ್ಳುವ ಯಂತ್ರ

ನಮ್ಮ ನಾಡಿನ ಸಂಸ್ಥೆಗಳಿಗೆ ಇನ್ನೊಂದು ತೊಡಕಿದೆ. ಹೆಚ್ಚಿನ ಎಐ ಮಾದರಿಗಳು ಕಲಿತಿರುವುದು ಇಂಗ್ಲಿಷಿನಿಂದ. ಕನ್ನಡ ಕಲಿತಿದ್ದರೂ ಅದು ಪುಸ್ತಕದ, ಪತ್ರಿಕೆಯ ಕನ್ನಡ. ರಾಯಚೂರಿನ ಬಸುರಿ ತನ್ನ ನೋವನ್ನು ಹೇಳುವ ಕನ್ನಡ, ಕುಂದಾಪುರದ ಮೀನುಗಾರ ಮಾತಾಡುವ ಕನ್ನಡ ಅದಕ್ಕೆ ಅಪರಿಚಿತ. ಧ್ವನಿಯಿಂದ ಕೇಳಿ ಧ್ವನಿಯಲ್ಲೇ ಉತ್ತರಿಸುವ ಸೇವೆ ಬೇಕೆಂದರೆ ಮೊದಲು ಜನರ ಮಾತು ದಾಖಲಾಗಬೇಕು.

ಬೆಂಗಳೂರಿನ ‘ಕಾರ್ಯ’ ಸಂಸ್ಥೆ ಹಿಡಿದಿರುವುದು ಈ ಕೆಲಸವನ್ನು. ಮೈಕ್ರೋಸಾಫ್ಟ್ ರಿಸರ್ಚ್ ಇಂಡಿಯಾದೊಳಗೆ ಹುಟ್ಟಿದ ಈ ಯೋಜನೆ 2021ರಲ್ಲಿ ಸ್ವತಂತ್ರ ಲಾಭರಹಿತ ಸಂಸ್ಥೆಯಾಯಿತು. ಕರ್ನಾಟಕದ ಹಳ್ಳಿಗಳ ಹೆಂಗಸರು ಮೊಬೈಲಿನಲ್ಲಿ ಕಂಡ ಕನ್ನಡ ವಾಕ್ಯಗಳನ್ನು ಓದಿ ಧ್ವನಿಮುದ್ರಿಸಿ ಸಂಪಾದಿಸಿದ್ದಾರೆ. ಸಂಭಾವನೆ ಗಂಟೆಗೆ ಸುಮಾರು 5 ಡಾಲರ್, ಅಂದರೆ 400 ರೂಪಾಯಿಯ ಆಸುಪಾಸು. ದಾಖಲಿಸಿದ ಧ್ವನಿ ಮತ್ತೊಮ್ಮೆ ಮಾರಾಟವಾದರೆ ಅದರಲ್ಲೂ ಪಾಲು ಸಿಗುವ ವ್ಯವಸ್ಥೆಯಿದೆ. ಡೇಟಾ ಕೊಟ್ಟವರಿಗೆ ಅದರ ಬೆಲೆ ಸಲ್ಲಬೇಕೆಂಬ ತತ್ವ ಇಲ್ಲಿ ಕೂಲಿಯ ರೂಪ ಪಡೆದಿದೆ.

ಇದರ ಜೊತೆಗೆ ಐಐಟಿ ಮದ್ರಾಸಿನ ‘ಎಐ4ಭಾರತ್’ ಕೇಂದ್ರ ಭಾರತೀಯ ಭಾಷೆಗಳ ಅನುವಾದ ಮತ್ತು ಧ್ವನಿ ಮಾದರಿಗಳನ್ನು ಕಟ್ಟಿ ಎಲ್ಲರ ಬಳಕೆಗೆ ಬಿಡುತ್ತಿದೆ. 2022ರಲ್ಲಿ ಇದಕ್ಕೆ ರೋಹಿಣಿ ಮತ್ತು ನಂದನ್ ನಿಲೇಕಣಿ 36 ಕೋಟಿ ರೂಪಾಯಿ ನೀಡಿದರು. ಈ ಕೇಂದ್ರದ ಮಾದರಿಗಳ ನೆರವಿನಿಂದ ಮೂಡಿದ ‘ಜುಗಲ್‌ಬಂದಿ’ ಎಂಬ ವಾಟ್ಸಾಪ್ ಬಾಟನ್ನು 2023ರಲ್ಲಿ ಹರಿಯಾಣದ ಹಳ್ಳಿಯೊಂದರಲ್ಲಿ ಪ್ರಯೋಗಿಸಲಾಯಿತು. ಸರ್ಕಾರಿ ಯೋಜನೆಗಳ ಬಗ್ಗೆ ಹಳ್ಳಿಗರು ತಮ್ಮ ಭಾಷೆಯಲ್ಲೇ ಕೇಳಿ ಉತ್ತರ ಪಡೆದರು.

ಆಫೀಸಿನ ಮೇಜಿನ ಮೇಲೆ

ಇಂಥ ದೊಡ್ಡ ಪ್ರಯೋಗಗಳ ಆಚೆ, ತಾಲೂಕು ಮಟ್ಟದ ಸಣ್ಣ ಟ್ರಸ್ಟಿಗೆ ಎಐ ಎಂದರೆ ಚಾಟ್‌ಜಿಪಿಟಿಯಂಥ ಬಾಟ್. ದಾನಿಗಳಿಗೆ ವರದಿ, ಯೋಜನೆಯ ಪ್ರಸ್ತಾವನೆ, ಸಭೆಯ ನಡಾವಳಿ, ಇಂಗ್ಲಿಷ್ ಸುತ್ತೋಲೆಯ ಕನ್ನಡ ಅನುವಾದ: ಇವನ್ನೆಲ್ಲ ಮುಗಿಸುವಷ್ಟರಲ್ಲಿ ಹಳ್ಳಿಗೆ ಹೋಗುವ ಬಸ್ಸು ತಪ್ಪಿರುತ್ತದೆ. ಈ ಬರವಣಿಗೆಯ ಹೊರೆ ಇಳಿದರೆ ಅದು ನಿಜವಾದ ಲಾಭ.

ಎಚ್ಚರ ಬೇಕಾದದ್ದೂ ಇಲ್ಲೇ. ದೌರ್ಜನ್ಯಕ್ಕೊಳಗಾದ ಮಹಿಳೆಯ ಹೇಳಿಕೆಯನ್ನೋ ಬಾಲಗೃಹದ ಮಗುವಿನ ವಿವರವನ್ನೋ ‘ಸಾರಾಂಶ ಮಾಡಿಕೊಡು’ ಎಂದು ಉಚಿತ ಬಾಟ್‌ಗೆ ಅಂಟಿಸಿಬಿಡುವುದು ಬಲು ಸುಲಭ. ಹಾಗೆ ಹೊರಗೆ ಹೋದ ಮಾಹಿತಿ ಮತ್ತೆ ಸಂಸ್ಥೆಯ ಹಿಡಿತಕ್ಕೆ ಬಾರದು. ಭಾರತದ 2023ರ ಡಿಜಿಟಲ್ ವೈಯಕ್ತಿಕ ಡೇಟಾ ಸಂರಕ್ಷಣಾ ಕಾಯ್ದೆಯ ಪ್ರಕಾರ 18 ವರ್ಷದೊಳಗಿನವರ ಮಾಹಿತಿ ಬಳಸಲು ಪೋಷಕರ ಒಪ್ಪಿಗೆ ಬೇಕು. ಮಾಹಿತಿಯನ್ನು ಸುರಕ್ಷಿತವಾಗಿಡದ ಲೋಪಕ್ಕೆ ದಂಡ 250 ಕೋಟಿ ರೂಪಾಯಿವರೆಗೂ ಹೋಗಬಹುದು.

ಚಿತ್ರಗಳ ವಿಷಯವೂ ಅಷ್ಟೇ. 2023ರಲ್ಲಿ ಆಮ್ನೆಸ್ಟಿ ಇಂಟರ್‌ನ್ಯಾಷನಲ್‌ನ ನಾರ್ವೆ ಶಾಖೆ ಕೊಲಂಬಿಯಾದ ಪ್ರತಿಭಟನೆಗಳ ಬಗ್ಗೆ ಎಐ ಸೃಷ್ಟಿಸಿದ ಚಿತ್ರಗಳನ್ನು ಹಂಚಿಕೊಂಡು, ಟೀಕೆ ಬಂದ ಮೇಲೆ ತೆಗೆದುಹಾಕಿತು. ಪ್ರತಿಭಟನಕಾರರ ಗುರುತು ಕಾಪಾಡುವ ಉದ್ದೇಶವೇ ಇದ್ದಿರಬಹುದು. ಆದರೆ ಸಾಕ್ಷ್ಯವೇ ಬಂಡವಾಳವಾಗಿರುವ ಮಾನವ ಹಕ್ಕು ಸಂಸ್ಥೆ ನಡೆಯದ ದೃಶ್ಯವನ್ನು ತೋರಿಸಿದರೆ, ನಿಜವಾದ ಚಿತ್ರವನ್ನೂ ಜನ ಅನುಮಾನಿಸುತ್ತಾರೆ.

ಶುರುಮಾಡುವ ಮೊದಲು

ಹಣದ ಲೆಕ್ಕವನ್ನೂ ಮರೆಯುವಂತಿಲ್ಲ. ವಿದೇಶಿ ದೇಣಿಗೆ ಪಡೆಯುವ ಸಂಸ್ಥೆಗಳು ಆಡಳಿತಕ್ಕೆ ಖರ್ಚು ಮಾಡಬಹುದಾದ ಪಾಲನ್ನು ಭಾರತದ ವಿದೇಶಿ ದೇಣಿಗೆ ಕಾಯ್ದೆಯ 2020ರ ತಿದ್ದುಪಡಿ 50 ಪ್ರತಿಶತದಿಂದ 20ಕ್ಕೆ ಇಳಿಸಿತು. ಹಾಗಾಗಿ, ಮೊದಮೊದಲು ಉಚಿತವಾಗಿಯೋ ರಿಯಾಯಿತಿಯಲ್ಲೋ ಸಿಕ್ಕ ಎಐ ಸೇವೆ ಮುಂದೆ ಪೂರ್ತಿ ಬೆಲೆ ಕೇಳಿದಾಗ ಎಲ್ಲಿಂದ ತರುವುದು ಎಂದು ಮೊದಲೇ ಯೋಚಿಸಿರಬೇಕು.

ಯಾವುದೇ ಸಂಸ್ಥೆ ಎಐಗೆ ಕೈಹಾಕುವ ಮುನ್ನ ಈ ಪ್ರಶ್ನೆಗಳಿಗೆ ಉತ್ತರ ಬರೆದಿಟ್ಟುಕೊಳ್ಳುವುದು ಒಳ್ಳೆಯದು:

1. ನಮ್ಮ ಯಾವ ಕೆಲಸ ನಿಂತುಹೋಗಿದೆ, ಅದಕ್ಕೆ ಎಐ ನಿಜವಾಗಿ ಬೇಕೇ? ಒಂದು ಎಕ್ಸೆಲ್ ಹಾಳೆ ಸಾಲದೇ?
2. ಯಂತ್ರ ತಪ್ಪಿದರೆ ಪೆಟ್ಟು ಬೀಳುವುದು ಯಾರಿಗೆ? ಆ ತಪ್ಪನ್ನು ಹಿಡಿಯುವವರು ಯಾರು?
3. ಡೇಟಾ ಯಾರದು? ಅವರಿಗೆ ತಿಳಿಸಿ ಒಪ್ಪಿಗೆ ಪಡೆದಿದ್ದೇವೆಯೇ?
4. ಫೋನಿಲ್ಲದವರು, ಓದು ಬಾರದವರು, ಬೇರೆ ನುಡಿಯವರು ಹೊರಗುಳಿದರೆ ಅವರನ್ನು ತಲುಪುವ ದಾರಿ ಯಾವುದು?
5. ಉಳಿದ ಸಮಯ, ಹಣ ಎಲ್ಲಿಗೆ ಹೋಗುತ್ತದೆ? ಜನರ ಬಳಿಗೋ, ಸಿಬ್ಬಂದಿಯನ್ನು ಕಡಿಮೆ ಮಾಡುವುದಕ್ಕೋ?

ಅರ್ಮಾನ್ ಗೆದ್ದದ್ದೂ ಟೆಸ್ಸಾ ಸೋತದ್ದೂ ಈ ಐದನೆಯ ಪ್ರಶ್ನೆಯಲ್ಲೇ. ನೀವು ಯಾವುದಾದರೂ ಸಂಸ್ಥೆಗೆ ದೇಣಿಗೆ ಕೊಡುವವರೋ, ಅದರ ಸದಸ್ಯರೋ, ಸ್ವಯಂಸೇವಕರೋ ಆಗಿದ್ದರೆ ಮುಂದಿನ ವಾರ್ಷಿಕ ಸಭೆಯಲ್ಲಿ ಅದನ್ನು ಎತ್ತಿ ಕೇಳಿ. ಲೆಕ್ಕಪತ್ರ ಕೇಳುವಷ್ಟೇ ಹಕ್ಕಿನಿಂದ ಕೇಳಿ.