ಗುಡುಗು ಮಳೆ ಬಂತು: ರಾಸುಗಳನ್ನು ಮರದಡಿ ಕಟ್ಟಬೇಡಿ



ಏಪ್ರಿಲ್, ಮೇ ತಿಂಗಳಲ್ಲಿ ತುಮಕೂರು, ಗುಬ್ಬಿ, ಕುಣಿಗಲ್ ಸೀಮೆಯ ಹವೆ ನಿಮಗೆ ಹೊಸದಲ್ಲ. ಮಧ್ಯಾಹ್ನ ನೆತ್ತಿ ಸುಡುವ ಬಿಸಿಲು, ಸಂಜೆಗೆ ಗಾಳಿ, ಗುಡುಗು, ಮಿಂಚು. ಮಳೆ ನಿಂತ ಮೇಲೆ ಥಂಡಿ. ಹೊಲಕ್ಕೆ ಭರಣಿ ಮಳೆ ಬೇಕು. ಆದರೆ ಅದೇ ಮಳೆಯ ಸಿಡಿಲು ಹಾಲು ಕೊಡುವ ಹಸುವನ್ನು ಕ್ಷಣದಲ್ಲಿ ಕೊಲ್ಲಬಹುದು.

ಸಿಡಿಲು ನೇರವಾಗಿ ಮೈಮೇಲೆ ಬೀಳಬೇಕೆಂದಿಲ್ಲ. ಹುಣಸೆಗೋ ತೆಂಗಿಗೋ ಬಡಿದ ಸಿಡಿಲಿನ ವಿದ್ಯುತ್ ನೆಲದಲ್ಲಿ ಸುತ್ತಲೂ ಹರಡುತ್ತದೆ. ಹಸುವಿನ ಮುಂಗಾಲಿಗೂ ಹಿಂಗಾಲಿಗೂ ಅಂತರ ಹೆಚ್ಚು. ಆದ್ದರಿಂದ ವಿದ್ಯುತ್ ಒಂದು ಜೊತೆ ಕಾಲಿನಿಂದ ಹತ್ತಿ, ಎದೆಯ ಮೂಲಕ ಹಾದು, ಇನ್ನೊಂದು ಜೊತೆಯಿಂದ ಇಳಿಯುತ್ತದೆ, ಹೃದಯ ನಿಲ್ಲುತ್ತದೆ. ಒಂದೇ ಮರದಡಿ ಕಟ್ಟಿದ ರಾಸುಗಳೆಲ್ಲ ಒಟ್ಟಿಗೆ ಸಾಯುವುದು ಹೀಗೆ.

ಆದ್ದರಿಂದ ಈ ಕ್ರಮಗಳನ್ನು ಅನುಸರಿಸಿ:

1. ಹವಾಮಾನ ಇಲಾಖೆ ಜಿಲ್ಲೆಗೆ ಹಳದಿ ಅಥವಾ ಕಿತ್ತಳೆ ಎಚ್ಚರಿಕೆ ಕೊಟ್ಟ ದಿನ ರಾಸುಗಳನ್ನು ದೂರ ಮೇಯಲು ಬಿಡಬೇಡಿ. ಮೊಬೈಲಿನ 'ದಾಮಿನಿ' ಆ್ಯಪ್ ಹತ್ತಿರದ ಸಿಡಿಲಿನ ಸೂಚನೆ ಕೊಡುತ್ತದೆ.

2. ಮೋಡ ಕಟ್ಟಿದೊಡನೆ ರಾಸುಗಳನ್ನು ಕೊಟ್ಟಿಗೆಗೆ ಹೊಡೆಯಿರಿ. ಮಿಂಚು ಕಂಡ 30 ಸೆಕೆಂಡಿನೊಳಗೆ ಗುಡುಗು ಕೇಳಿದರೆ ಸಿಡಿಲು ಸುಮಾರು 10 ಕಿ.ಮೀ. ಒಳಗಿದೆ ಎಂದು ತಿಳಿಯಿರಿ.

3. ತಂತಿ ಬೇಲಿಯ ಬಳಿ ಕಟ್ಟಬೇಡಿ. ಸಿಡಿಲಿನ ನಡುವೆ ಹಗ್ಗ ಬಿಚ್ಚಲು ಮರದಡಿಗೆ ಓಡಬೇಡಿ. ನಿಮ್ಮ ಜೀವ ಮೊದಲು. ಕೊನೆಯ ಗುಡುಗು ಕೇಳಿ ಅರ್ಧ ಗಂಟೆ ಕಳೆದ ಮೇಲೆ ಹೊರಗೆ ಬನ್ನಿ.

ಬಿಸಿಲು, ಥಂಡಿಗಳ ಏರಿಳಿತಕ್ಕೆ ಮಿಶ್ರತಳಿ ಹಸುಗಳು ಬೇಗ ಬಳಲುತ್ತವೆ. ಮೇವು ಬಿಡುತ್ತವೆ, ಹಾಲು ಇಳಿಯುತ್ತದೆ. ದಿನವಿಡೀ ತಣ್ಣನೆಯ ನೀರು ಸಿಗುವಂತಿರಲಿ. ಮೇವು, ಹಿಂಡಿಯನ್ನು ಬೆಳಗಿನ ಜಾವ ಮತ್ತು ರಾತ್ರಿ ಹೆಚ್ಚು ಕೊಡಿ. ಮಳೆ ನಿಂತ ಮೇಲೆ ಕೊಟ್ಟಿಗೆಯ ನೆಲ ಒಣಗಿರಲಿ. ಕೆಸರಿನಲ್ಲಿ ಮಲಗಿದ ಹಸುವಿಗೆ ಕೆಚ್ಚಲು ಬಾವು ಬರುವುದು ಸುಲಭ. ಮುಂಗಾರಿಗೆ ಮುನ್ನ ಗಳಲೆ ರೋಗದ ಲಸಿಕೆ ಹಾಕಿಸಿ.

ಸಿಡಿಲಿಗೆ ರಾಸು ಸತ್ತರೆ ಗಾಬರಿಯಲ್ಲಿ ಹೂಳಿಬಿಡಬೇಡಿ, ಕಿವಿಯೋಲೆ ತೆಗೆಯಬೇಡಿ. ಪಶುವೈದ್ಯರಿಗೂ ಸಂಘದ ಕಾರ್ಯದರ್ಶಿಗೂ ಕೂಡಲೇ ತಿಳಿಸಿ; ವಿಮೆಗೆ ವೈದ್ಯರ ವರದಿ ಬೇಕು. ಆದರೆ ಮೂಗು, ಗುದದಿಂದ ಹೆಪ್ಪುಗಟ್ಟದ ಕಪ್ಪು ರಕ್ತ ಸೋರುತ್ತಿದ್ದರೆ ಅದು ನೆರಡಿ ರೋಗವಿರಬಹುದು. ಇದು ಮನುಷ್ಯರಿಗೂ ಅಂಟುತ್ತದೆ. ಅಂಥ ರಾಸನ್ನು ಕೊಯ್ಯಬೇಡಿ, ಚರ್ಮ ಸುಲಿಯಬೇಡಿ.

ಇಂದು ಸಂಜೆ ಡೇರಿಗೆ ಹಾಲು ಹಾಕಲು ಹೊರಡುವ ಮುನ್ನ ಒಮ್ಮೆ ನೋಡಿ: ನಿಮ್ಮ ಹಸುವನ್ನು ಎಲ್ಲಿ ಕಟ್ಟಿದ್ದೀರಿ?